ಧವಲದ ಬೆಳಕು: ಗೋದಾವರಿ ತೀರದಿಂದ ಮೂಡಬಿದಿರೆಗೆ

ನಾಸಿಕವೆಂದೊಡನೆ ಮುಂಬಯಿ ಕನ್ನಡಿಗರಾದ ನಮಗೆ ನೆನಪಾಗುವುದು ಪಂಚವಟಿ, ತ್ರ್ಯಂಬಕೇಶ್ವರ ಮತ್ತು ಗೋದಾವರಿಯ ಸ್ನಾನ. ಹಿಂದಿನ ಔರಂಗಾಬಾದ್, ಇಂದಿನ ಛತ್ರಪತಿ ಸಂಭಾಜಿನಗರವೆಂದರೆ ಎಲ್ಲೋರಾ ಮತ್ತು ಅಜಂತಾ. ಮಕ್ಕಳ ರಜೆಯಲ್ಲಿ ಬಸ್ಸು ಮಾಡಿಕೊಂಡು ಹೋಗಿ, ಕೈಲಾಸ ದೇವಾಲಯದ ಮುಂದೆ ಫೋಟೋ ತೆಗೆಸಿಕೊಂಡು, ಬುತ್ತಿ ಬಿಚ್ಚಿ ಉಂಡು ಮರಳುತ್ತೇವೆ. ಪರನಾಡನ್ನು ನೋಡಿ ಬಂದೆವೆಂಬ ಭಾವ ನಮ್ಮದು. ಆದರೆ ಕ್ರಿ. ಶ. 850ರ ಸುಮಾರಿನ ‘ಕವಿರಾಜಮಾರ್ಗ’ವು ಕನ್ನಡ ನಾಡಿನ ಉತ್ತರದ ಎಲ್ಲೆಯನ್ನು ಹೇಳಿದ್ದು ಇದೇ ಗೋದಾವರಿಯನ್ನು ಹಿಡಿದು. ಬೆಳಕೆಂದರೇನು, ಕಾಣುವುದೆಂದರೇನು, ಸತ್ಯವನ್ನು ಅರಿಯುವ ಬಗೆ ಯಾವುದು ಎಂದು ಆಳವಾಗಿ ವಿಚಾರಿಸಿದ ಒಂದು ಪರಂಪರೆ ಅದೇ ಕಾಲದಲ್ಲಿ, ಅದೇ ಅರಸರ ನೆರಳಿನಲ್ಲಿ ಬೆಳೆಯಿತು. ಅದರ ಕಥೆಯನ್ನು ವಾಚಕರ ಮುಂದಿಡುವುದು ಈ ಲೇಖನದ ಉದ್ದೇಶ.

ರಾಷ್ಟ್ರಕೂಟ ದೊರೆ ಮೂರನೆಯ ಗೋವಿಂದನ ತಾಮ್ರಪಟಗಳು ಕೆಲವು ಮಯೂರಖಂಡಿಯಿಂದ ಹೊರಟಿವೆ. ಆ ಮಯೂರಖಂಡಿ ನಾಸಿಕ ಜಿಲ್ಲೆಯ ಗಿರಿದುರ್ಗವೆಂದು ಇತಿಹಾಸಕಾರರು ಗುರುತಿಸುತ್ತಾರೆ. ಎಲ್ಲೋರಾದ ಕೈಲಾಸ ಇದೇ ವಂಶದ ಒಂದನೆಯ ಕೃಷ್ಣನ ಕೀರ್ತಿ. ಅಲ್ಲಿಂದ ಉತ್ತರಕ್ಕೆ ಸ್ವಲ್ಪ ದೂರ ನಡೆದರೆ 30ರಿಂದ 34ರವರೆಗಿನ ಜೈನ ಗುಹೆಗಳು ಸಿಗುತ್ತವೆ. ನಮ್ಮಲ್ಲಿ ಬಹುಮಂದಿ ದಣಿದು ಅಲ್ಲಿಯವರೆಗೆ ಹೋಗುವುದೇ ಇಲ್ಲ. ಅಲ್ಲಿನ ಜಗನ್ನಾಥ ಸಭೆಯಲ್ಲಿ ಹಳಗನ್ನಡ ಅಕ್ಷರಗಳ ಕಿರುಬರಹಗಳು ಇಂದಿಗೂ ಇವೆ.

ಈ ರಾಜ್ಯದ ಆಶ್ರಯದಲ್ಲಿದ್ದ ಜೈನಾಚಾರ್ಯರು ವೀರಸೇನರು ಮತ್ತು ಅವರ ಶಿಷ್ಯರಾದ ಜಿನಸೇನರು. ಜಿನಸೇನರು ಅಮೋಘವರ್ಷ ನೃಪತುಂಗನಿಗೆ ಗುರುಗಳು. ವೀರಸೇನರು ‘ಷಟ್‌ಖಂಡಾಗಮ’ವೆಂಬ ಪ್ರಾಚೀನ ಸಿದ್ಧಾಂತ ಗ್ರಂಥಕ್ಕೆ 72,000 ಶ್ಲೋಕ ಪ್ರಮಾಣದ ಟೀಕೆಯನ್ನು ಬರೆದರು. ಅದರ ಹೆಸರು ‘ಧವಲಾ’, ಅಂದರೆ ಬೆಳ್ಳಗಿನದು, ಶುಭ್ರವಾದದ್ದು. ಕ್ರಿ. ಶ. 816ರಲ್ಲಿ ಅದು ಮುಗಿಯಿತೆಂಬುದು ಸಾಮಾನ್ಯವಾಗಿ ಒಪ್ಪಿದ ಲೆಕ್ಕ. ಎರಡನೆಯ ಟೀಕೆಯಾದ ‘ಜಯಧವಲಾ’ವನ್ನು 20,000 ಶ್ಲೋಕದಷ್ಟು ಬರೆಯುವಷ್ಟರಲ್ಲಿ ಗುರುಗಳು ತೀರಿಕೊಂಡರು. ಶಿಷ್ಯರು ಇನ್ನೂ 40,000 ಬರೆದು ಕ್ರಿ. ಶ. 837ರಲ್ಲಿ ವಾಟಗ್ರಾಮದಲ್ಲಿ ಮುಗಿಸಿದರು. ವಾಟಗ್ರಾಮವೆಂದರೆ ಬಡೋದೆ ಎಂದು ಕೆಲವರು, ನಾಸಿಕ ಜಿಲ್ಲೆಯ ಊರೆಂದು ಕೆಲವರು ವಾದಿಸುತ್ತಾರೆ. ಯಾವುದೇ ಆಗಲಿ, ಅಂದು ಎರಡೂ ರಾಷ್ಟ್ರಕೂಟರ ಆಳ್ವಿಕೆಗೆ ಸೇರಿದ ನೆಲವೇ.

ಇನ್ನು ವಿಚಾರಕ್ಕೆ ಬರೋಣ. ಕಣ್ಣು ಹೇಗೆ ಕಾಣುತ್ತದೆ? ಕಣ್ಣಿನಿಂದ ತೇಜಸ್ಸಿನ ಕಿರಣ ಹೊರಟು ವಸ್ತುವನ್ನು ಮುಟ್ಟುತ್ತದೆ ಎಂದರು ನೈಯಾಯಿಕರು. ರಾತ್ರಿ ಸಂಚರಿಸುವ ಪ್ರಾಣಿಗಳ ಕಣ್ಣು ಹೊಳೆಯುವುದನ್ನು ನೋಡಿರಿ, ಅದೇ ಸಾಕ್ಷಿ ಎಂದರು. ಜೈನರು ಒಪ್ಪಲಿಲ್ಲ. ಕನ್ನಡ ನಾಡಿನವರೇ ಆದ ಪೂಜ್ಯಪಾದರು ಕೊಟ್ಟ ಉತ್ತರ ನಮ್ಮ ಅಜ್ಜಿಯಂದಿರಿಗೂ ತಿಳಿಯುವಂಥದು: ಮುಟ್ಟಿ ಕಾಣುವುದೇ ಕಣ್ಣಿನ ಗುಣವಾಗಿದ್ದರೆ, ಕಣ್ಣಿಗೆ ಹಚ್ಚಿದ ಕಾಡಿಗೆ ಮೊದಲು ಕಾಣಬೇಕಿತ್ತಲ್ಲ! ಮುಂದೆ ಅಕಲಂಕರು ಮತ್ತು ಅವರ ಹಾದಿ ಹಿಡಿದ ಮಾಣಿಕ್ಯನಂದಿಗಳು ಇನ್ನೂ ಒಂದು ಹೆಜ್ಜೆ ಮುಂದಿಟ್ಟರು. ಬೆಳಕು ಅರಿವಿಗೆ ಕಾರಣವಲ್ಲ, ಕತ್ತಲೆಯಂತೆ ಅದೂ ಅರಿವಿಗೆ ಸಿಕ್ಕುವ ಒಂದು ವಿಷಯ ಮಾತ್ರ ಎಂದರು. ಕತ್ತಲಲ್ಲಿ ತಿರುಗುವ ಪ್ರಾಣಿಗೆ ಬೆಳಕಿಲ್ಲದೆಯೂ ಕಾಣುತ್ತದೆಯಲ್ಲವೆ? ನೈಯಾಯಿಕರ ಬೆಕ್ಕೇ ಇಲ್ಲಿ ಎದುರು ಪಕ್ಷಕ್ಕೆ ಸಾಕ್ಷಿ ನುಡಿಯಿತು! ಹಾಗಾದರೆ ನಿಜವಾದ ಬೆಳಕು ಯಾವುದು? ಅರಿವೇ. ದೀಪ ತನ್ನನ್ನೂ ಬೆಳಗಿ ಕೋಣೆಯನ್ನೂ ಬೆಳಗುವಂತೆ, ಅರಿವು ತನ್ನನ್ನೂ ಪರವಸ್ತುವನ್ನೂ ತೋರಿಸುತ್ತದೆ.

ವೀರಸೇನರ ಹಿರಿಮೆ ಇಲ್ಲಿದೆ. ವಸ್ತುವಿನ ಸಾಮಾನ್ಯ ರೂಪವನ್ನು, ಅಂದರೆ ‘ಏನೋ ಇದೆ’ ಎಂಬಷ್ಟನ್ನು ಹಿಡಿಯುವುದು ದರ್ಶನ, ‘ಇದು ಇಂಥದು’ ಎಂದು ವಿಶೇಷವಾಗಿ ಹಿಡಿಯುವುದು ಜ್ಞಾನ ಎಂಬ ಮಾತು ಹಿಂದಿನಿಂದ ನಡೆದು ಬಂದಿತ್ತು. ವೀರಸೇನರು ಇದನ್ನು ಪ್ರಶ್ನಿಸಿದರು. ಪ್ರತಿಯೊಂದು ವಸ್ತುವೂ ಸಾಮಾನ್ಯ, ವಿಶೇಷ ಎರಡೂ ಕೂಡಿದ್ದು. ಬರಿಯ ಒಂದನ್ನು ಹಿಡಿದರೆ ಹಿಡಿದದ್ದು ವಸ್ತುವೇ ಅಲ್ಲ. ಆದ್ದರಿಂದ ಹೊರಮುಖವಾದ ಚೈತನ್ಯದ ಬೆಳಕು ಜ್ಞಾನ, ಒಳಮುಖವಾದ ಬೆಳಕು ದರ್ಶನ. ಹೊರಗಿನದನ್ನು ಅರಿಯುವ ಮುನ್ನ ಆತ್ಮ ತನ್ನ ಕಡೆ ತಿರುಗಿ ಎಚ್ಚರಗೊಳ್ಳುತ್ತದೆ. ಆ ಎಚ್ಚರವಿಲ್ಲದೆ ಅರಿವಿಲ್ಲ. ಗುರುಪರಂಪರೆಯಲ್ಲಿ ಬಂದ ಮಾತನ್ನು ಭಕ್ತಿಯಿಂದ ಕಾಪಾಡುತ್ತಲೇ ಅದನ್ನು ತರ್ಕಕ್ಕೆ ಒಡ್ಡುವ ಧೈರ್ಯ ಆ ಕಾಲದಲ್ಲಿತ್ತು ಎಂಬುದನ್ನು ನಾವು ಗಮನಿಸಬೇಕು.

ಇಷ್ಟು ದೊಡ್ಡ ಕೃತಿಗಳು ಮುಂದೆ ಏನಾದವು? ಉತ್ತರದಲ್ಲಿ ಎಲ್ಲಿಯೂ ಪ್ರತಿ ಉಳಿಯಲಿಲ್ಲ. ಉಳಿಸಿದ್ದು ಕನ್ನಡ ನಾಡು, ಅದೂ ಕನ್ನಡ ಲಿಪಿಯಲ್ಲಿ. ಹೊಯ್ಸಳರ ಕಾಲದ ಓಲೆಗರಿಗಳು, ಅವುಗಳಲ್ಲಿ ಕೆಲವು ಬಣ್ಣದ ಚಿತ್ರಗಳೊಡನೆ, ಮೂಡಬಿದಿರೆಯ ಗುರುಬಸದಿಯನ್ನು ಸೇರಿದವು. ಷಟ್‌ಖಂಡಾಗಮದ ಆರನೆಯ ಖಂಡವಾದ ‘ಮಹಾಬಂಧ’ವನ್ನು ಬರೆಯಿಸಿ ಮಾಘನಂದಿ ಮುನಿಗಳಿಗೆ ಅರ್ಪಿಸಿದವಳು ಮಲ್ಲಿಕಬ್ಬೆ ಎಂಬ ಹೆಣ್ಣುಮಗಳು. ಕಾಲ ಕಳೆದಂತೆ ಓದುವವರು ಇಲ್ಲದಾದರು. ಯಾತ್ರಿಕರು ಬಂದು ಕಟ್ಟುಗಳಿಗೆ ಕೈ ಮುಗಿದು ಹೋಗುತ್ತಿದ್ದರು. ದರ್ಶನದ ಅರ್ಥವನ್ನೇ ಶೋಧಿಸಿದ ಗ್ರಂಥಕ್ಕೆ ಕಡೆಗೆ ಬರಿಯ ದರ್ಶನ ಉಳಿಯಿತು!

1883ರ ಸುಮಾರಿಗೆ ಯಾತ್ರೆಗೆ ಬಂದ ನಮ್ಮ ಮುಂಬಯಿಯ ಸೇಠ ಮಾಣಿಕಚಂದರ ಮನಸ್ಸಿಗೆ ಇದು ನಾಟಿತು. ಓಲೆಗಳು ಪುಡಿಯಾಗುವ ಮುನ್ನ ಪ್ರತಿ ಮಾಡಿಸಬೇಕೆಂದು ಅವರೂ ಸೊಲ್ಲಾಪುರದ ಹೀರಾಚಂದ ನೇಮಚಂದರೂ ಹಣ ಕೂಡಿಸಿದರು. 1896ರ ಸುಮಾರಿಗೆ ಶ್ರವಣಬೆಳಗೊಳದ ಬ್ರಹ್ಮಸೂರಿ ಶಾಸ್ತ್ರಿಗಳೂ ಗಜಪತಿ ಶಾಸ್ತ್ರಿಗಳೂ ಬರೆಯಲು ಕುಳಿತರು. ಕೆಲಸ ಕಾಲು ಶತಮಾನ ಹಿಡಿಯಿತು. ಪ್ರತಿಗಳು ಬಸದಿಯಿಂದ ಹೊರಗೆ ಹೋಗಕೂಡದೆಂಬುದು ಕಾಪಾಡಿದವರ ನಿಲುವು. ಪವಿತ್ರವಾದದ್ದು ಬೀದಿಪಾಲಾದೀತೆಂಬ ಅವರ ಭಯವನ್ನು ಹಗುರವಾಗಿ ಕಾಣಲಾಗದು. ಆ ಬಿಗಿಯಿಲ್ಲದಿದ್ದರೆ ಗ್ರಂಥಗಳು ಅಷ್ಟು ಕಾಲ ಉಳಿಯುತ್ತಲೂ ಇರಲಿಲ್ಲ. ಆದರೆ ಗಜಪತಿ ಶಾಸ್ತ್ರಿಗಳು ಪತ್ನಿ ಲಕ್ಷ್ಮೀಬಾಯಿಯವರ ನೆರವಿನಿಂದ ಕನ್ನಡ ಲಿಪಿಯಲ್ಲಿ ಗುಟ್ಟಾಗಿ ಇನ್ನೊಂದು ಪ್ರತಿ ಮಾಡಿದರು. ಅದು ಸಹಾರನಪುರವನ್ನು ಸೇರಿ, ಅಲ್ಲಿ ನಾಗರಿಗೆ ಇಳಿದು, ಊರೂರಿಗೆ ಹರಡಿತು. 1939ರಲ್ಲಿ ಅಮರಾವತಿಯಿಂದ ಪ್ರೊ. ಹೀರಾಲಾಲ ಜೈನರು ‘ಧವಲಾ’ದ ಮೊದಲ ಸಂಪುಟವನ್ನು ಅಚ್ಚು ಹಾಕಿಸಿದರು. ಮುಂದೆ 16 ಸಂಪುಟಗಳಾದವು. ಗೋದಾವರಿಯ ಸೀಮೆಯಿಂದ ತೆಂಕಣಕ್ಕೆ ಬಂದ ಅರಿವು ಹೀಗೆ ಮತ್ತೆ ಬಡಗಣಕ್ಕೆ ಮರಳಿತು. ನಡುವೆ ಅದನ್ನು ಹೊತ್ತದ್ದು ಕನ್ನಡದ ಅಕ್ಷರ.

ಊರು ಬಿಟ್ಟು ಬಂದ ನಮ್ಮೆಲ್ಲರ ಮನೆಗಳಲ್ಲಿಯೂ ಒಂದು ಸಣ್ಣ ಮೂಡಬಿದಿರೆ ಇದೆ. ಅಜ್ಜ ತಂದ ಭಾರತ, ಅಜ್ಜಿ ಹಾಡುತ್ತಿದ್ದ ಹಾಡಿನ ಕೈಬರಹದ ಪುಸ್ತಕ, ಅಪ್ಪ ಬರೆದ ಕಾಗದಗಳು ಕಪಾಟಿನಲ್ಲಿ ಭದ್ರವಾಗಿವೆ. ದಸರೆಗೆ ಹೊರಗೆ ತೆಗೆದು ಅರಿಶಿನ ಕುಂಕುಮ ಏರಿಸಿ ಒಳಗಿಡುತ್ತೇವೆ. ಮಕ್ಕಳು ಕೈ ಮುಗಿಯುತ್ತಾರೆ. ಅವರು ಮನೆಯಲ್ಲಿ ಕನ್ನಡ ಮಾತಾಡುತ್ತಾರೆ, ಓದಲಾರರು. ತಪ್ಪು ಅವರದಲ್ಲ, ಕಲಿಸಲು ಬಿಡುವು ಮಾಡಿಕೊಳ್ಳದ ನಮ್ಮದು.

ಮುಂದಿನ ರಜೆಯಲ್ಲಿ ಎಲ್ಲೋರಾಕ್ಕೆ ಹೋದಾಗ ಕೈಲಾಸದಿಂದಲೇ ಮರಳದೆ ಜೈನ ಗುಹೆಗಳವರೆಗೂ ನಡೆಯೋಣ. ಕಲ್ಲಿನ ಮೇಲಿನ ಆ ಅಕ್ಷರಗಳನ್ನು ಮಕ್ಕಳಿಗೆ ತೋರಿಸೋಣ. ಹಳಗನ್ನಡದ ಲಿಪಿಯನ್ನು ನಾವೂ ಓದಲಾರೆವು, ನಿಜ. ಆದರೆ ‘ಇದು ನಮ್ಮದು’ ಎಂಬ ಎಚ್ಚರ ಒಳಗೆ ಮೂಡಿದರೆ ಓದುವ ಆಸೆ ತಾನಾಗಿ ಹುಟ್ಟೀತು. ದರ್ಶನ ಮೊದಲು, ಜ್ಞಾನ ಆಮೇಲೆ. ವೀರಸೇನರು ಹೇಳಿದ್ದೂ ಇದೇ ಕ್ರಮವನ್ನು.