ತಂಬ್ರಹಳ್ಳಿಯ ಸೀಮೆಯಲ್ಲಿ ಬಿಡುಗಡೆಯೂ ಹೆಸರೂ

ತಂಬ್ರಹಳ್ಳಿಯೇ ಮೊದಲಾದ ಬಳ್ಳಾರಿ ಸೀಮೆಯ ಗ್ರಾಮಗಳು 1953ರ ಅಕ್ಟೋಬರ್ 1ರಂದು ಮದರಾಸಿನಿಂದ ಮೈಸೂರು ರಾಜ್ಯಕ್ಕೆ ಸೇರುವುದಕ್ಕೆ ಬಹುಕಾಲ ಮುನ್ನವೇ, ಆ ಸೀಮೆಯ ಹಲವು ಸಮುದಾಯಗಳಲ್ಲಿ, ದಾಂಪತ್ಯ ಮುರಿದಾಗ ಹಿರಿಯರು ಕಟ್ಟೆಯ ಮೇಲೆ ಕುಳಿತು ಬಿಡುಗಡೆ ನೀಡುವ, ಹಾಗೆ ಬಿಡುಗಡೆ ಹೊಂದಿದವಳು ಉಡಿಕೆಯೆಂಬ ಮರುಮದುವೆಯಿಂದ ಮತ್ತೊಂದು ಮನೆ ತುಂಬುವ ರೂಢಿಯಿದ್ದಿತು. 1955ರ ಹಿಂದೂ ವಿವಾಹ ಕಾಯಿದೆಯು ನ್ಯಾಯಾಲಯದ ದಾರಿಯನ್ನು ತೆರೆದರೂ ತನ್ನ 29ನೆಯ ಕಲಮಿನಲ್ಲಿ ಈ ರೂಢಿಗತ ವಿಚ್ಛೇದನವನ್ನು ಮಾನ್ಯಮಾಡಿತು. ಹೀಗೆ ಬಿಡುಗಡೆ ಹೊಂದಿದ ಹುಲಿಗೆಮ್ಮನೆಂಬವಳು ಎಲ್ಲಿಗೆ ಹೋದರೂ ಹುಲಿಗೆಮ್ಮನೇ; ಕಾಗದಪತ್ರಗಳಲ್ಲಿ ಬದಲಾಗುತ್ತಿದ್ದುದು ‘ಗಂಡ’ ಎಂಬ ಮಾತಿನ ಮುಂದಿನ ಹೆಸರೊಂದೇ. ಇಂದು ಪತಿಯ ಅಡ್ಡಹೆಸರನ್ನು ತೊರೆದು ತವರಿನದಕ್ಕೆ ಮರಳುವವಳು ವಿಚ್ಛೇದನದ ಡಿಕ್ರಿ, ನೋಟರಿಯ ಮುಂದಿನ ಪ್ರಮಾಣಪತ್ರ, ಪತ್ರಿಕಾ ಪ್ರಕಟಣೆ, ರಾಜ್ಯಪತ್ರಗಳನ್ನು ಹಲವೊಮ್ಮೆ ಒಂದೊಂದಾಗಿ ಕೂಡಿಸಬೇಕಾಗುತ್ತದೆ. ಹುಟ್ಟಿನಿಂದ ಬಂದ ಹೆಸರು ಹೆಣ್ಣಿನ ಸ್ವತ್ತೆಂಬ ಹಳ್ಳಿಯ ಸಹಜ ವಿವೇಕವು ಕಚೇರಿಗಳಲ್ಲಿಯೂ ನೆಲೆಗೊಳ್ಳಲಿ.