ಹಡ್ಸನ್–ಮ್ಯಾನ್‌ಹಟ್ಟನ್ ರೈಲುಮಾರ್ಗ

ಅಮೆರಿಕದ ನ್ಯೂಯಾರ್ಕ್ ನಗರವನ್ನು ಹಡ್ಸನ್ ನದಿಯ ಆಚೆಗಿನ ಹೊಬೊಕೆನ್, ಜರ್ಸಿ ಸಿಟಿ ಮತ್ತು ನ್ಯೂಅರ್ಕ್ ನಗರಗಳೊಂದಿಗೆ ನದಿಯ ತಳದ ಸುರಂಗಗಳ ಮೂಲಕ ಜೋಡಿಸಿದ ವಿದ್ಯುತ್ ರೈಲುಮಾರ್ಗ. ಸುರಂಗದ ಕೆಲಸ 1874ರಲ್ಲಿ ಶುರುವಾಯಿತು. ಮೊದಲ ರೈಲು ಓಡಿದ್ದು 1908ರಲ್ಲಿ. ಜನರ ಬಾಯಲ್ಲಿ ಇದರ ಹೆಸರು ‘ಹಡ್ಸನ್ ಟ್ಯೂಬ್ಸ್’. 1962ರಿಂದ ‘ಪಾತ್’ ಎಂಬ ಹೆಸರಿನಲ್ಲಿ ಸರ್ಕಾರಿ ಪ್ರಾಧಿಕಾರವೊಂದು ಇದನ್ನು ನಡೆಸುತ್ತಿದೆ. ದಿನವೂ ಕೆಲಸಕ್ಕೆ ಹೋಗಿಬರುವವರಿಗಾಗಿಯೇ ದೊಡ್ಡ ನದಿಯೊಂದರ ಅಡಿಯಲ್ಲಿ ಕಟ್ಟಿದ ಮೊದಲ ಸಾಲಿನ ರೈಲುಗಳಲ್ಲಿ ಇದಕ್ಕೆ ಮುಖ್ಯ ಸ್ಥಾನವಿದೆ.

ಹತ್ತೊಂಬತ್ತನೆಯ ಶತಮಾನದಲ್ಲಿ ಪಶ್ಚಿಮದಿಂದಲೂ ದಕ್ಷಿಣದಿಂದಲೂ ನ್ಯೂಯಾರ್ಕಿಗೆ ಬರುತ್ತಿದ್ದ ರೈಲುಗಳಲ್ಲಿ ಹೆಚ್ಚಿನವು ನದಿಯಾಚೆ ನ್ಯೂಜರ್ಸಿ ರಾಜ್ಯದ ದಡದಲ್ಲೇ ನಿಂತುಬಿಡುತ್ತಿದ್ದವು. ಪೆನ್ಸಿಲ್ವೇನಿಯ, ಈರಿ, ಲ್ಯಾಕವಾನ ಮುಂತಾದ ಕಂಪನಿಗಳ ನಿಲ್ದಾಣಗಳೆಲ್ಲ ಇದ್ದದ್ದು ಅಲ್ಲೇ. ಪ್ರಯಾಣಿಕರು ಗಂಟುಮೂಟೆ ಹೊತ್ತು ಇಳಿದು, ಫೆರಿ ದೋಣಿ ಹತ್ತಿ ನ್ಯೂಯಾರ್ಕಿನ ಮ್ಯಾನ್‌ಹಟ್ಟನ್ ದ್ವೀಪ ಸೇರಬೇಕಿತ್ತು. ಮಂಜು ಕವಿದ ದಿನ, ಚಳಿಗಾಲದಲ್ಲಿ ನೀರ್ಗಲ್ಲು ತೇಲಿಬಂದ ದಿನ ದೋಣಿ ಯಾವಾಗ ದಡ ಮುಟ್ಟುತ್ತದೆಂದು ಹೇಳುವಂತಿರಲಿಲ್ಲ. ಅಲ್ಲಿ ನದಿಯ ಅಗಲ ಒಂದು ಮೈಲಿಗೆ ಹತ್ತಿರ. ಸೇತುವೆ ಕಟ್ಟೋಣವೆಂದರೆ ಅಡಿಯಲ್ಲಿ ಎತ್ತರದ ಹಡಗುಗಳು ಹಾಯಬೇಕು, ಕಂಬ ನಿಲ್ಲಿಸಲು ಬಂಡೆ ಬಹಳ ಆಳದಲ್ಲಿದೆ. ಉಳಿದದ್ದು ನದಿಯ ಕೆಳಗಿನ ದಾರಿ.

ಅಂಥ ದಾರಿ ಜಗತ್ತಿಗೆ ಪೂರ್ತಿ ಹೊಸದಲ್ಲ. ಲಂಡನ್ನಿನ ಥೇಮ್ಸ್ ನದಿಯ ಸುರಂಗ 1843ರಲ್ಲೇ ತೆರೆದಿತ್ತು. ಇಂಗ್ಲೆಂಡಿನ ಲಿವರ್‌ಪೂಲ್ ಮತ್ತು ಬರ್ಕನ್‌ಹೆಡ್ ಊರುಗಳನ್ನು ಜೋಡಿಸಿದ ಮರ್ಸಿ ರೈಲು 1886ರಲ್ಲಿ ಬಂತು. ಉಗಿ ಎಂಜಿನ್ನಿನ ಹೊಗೆಯಿಂದ ಪ್ರಯಾಣಿಕರು ಹೈರಾಣಾಗಿ, 1903ರಲ್ಲಿ ಆ ಮಾರ್ಗಕ್ಕೆ ವಿದ್ಯುತ್ ಕೊಟ್ಟರು. ಆದರೆ ಮರ್ಸಿಯ ಸುರಂಗ ಮರಳುಗಲ್ಲಿನಲ್ಲಿ ಕೊರೆದದ್ದು. ಹಡ್ಸನ್ನಿನ ತಳದಲ್ಲಿರುವುದು ಶತಮಾನಗಳ ಹೂಳು. ಕೈಯಲ್ಲಿ ಹಿಡಿದರೆ ನಾದಿದ ಹಿಟ್ಟಿನಂತೆ, ನೀರು ತಾಗಿದರೆ ಹರಿದುಹೋಗುವ ರೊಜ್ಜು. ಮೂವತ್ತನಾಲ್ಕು ವರ್ಷ ಮನುಷ್ಯರು ಹೆಣಗಿದ್ದು ಈ ರೊಜ್ಜಿನ ಜೊತೆಗೆ.

ಮೊದಲು ಕೈಹಾಕಿದವನು ಡಿವಿಟ್ ಕ್ಲಿಂಟನ್ ಹ್ಯಾಸ್ಕಿನ್. 1873ರಲ್ಲಿ 1 ಕೋಟಿ ಡಾಲರ್ ಬಂಡವಾಳದ ಹಡ್ಸನ್ ಟನಲ್ ಕಂಪನಿ ಕಟ್ಟಿ, ಮರುವರ್ಷ ನವೆಂಬರಿನಲ್ಲಿ ಜರ್ಸಿ ಸಿಟಿಯ ಹದಿನೈದನೆಯ ಬೀದಿಯ ತುದಿಯಲ್ಲಿ ಬಾವಿ ತೋಡಿಸಲು ಶುರುಮಾಡಿದ. ಒಂದು ತಿಂಗಳು ಕಳೆಯುವುದರೊಳಗೆ ಲ್ಯಾಕವಾನ ರೈಲು ಕಂಪನಿ ನ್ಯಾಯಾಲಯಕ್ಕೆ ಹೋಗಿ ಕೆಲಸ ನಿಲ್ಲಿಸಿತು. ಮತ್ತೆ ಗುದ್ದಲಿ ಎತ್ತಿದ್ದು 1879ರಲ್ಲಿ. ಹ್ಯಾಸ್ಕಿನ್‌ನ ಉಪಾಯ ಸರಳವಾಗಿತ್ತು. ಸುರಂಗದೊಳಕ್ಕೆ ಒತ್ತಡದ ಗಾಳಿ ತುಂಬಿದರೆ ಆ ಗಾಳಿಯೇ ನೀರನ್ನೂ ಹೂಳನ್ನೂ ತಡೆದು ನಿಲ್ಲಿಸುತ್ತದೆ. ಆ ಹೊತ್ತಿನಲ್ಲಿ ತೆಳು ಕಬ್ಬಿಣದ ತಗಡು ಹೊಂದಿಸಿ, ಒಳಗಡೆ ಇಟ್ಟಿಗೆ ಗೋಡೆ ಕಟ್ಟುತ್ತ ಮುಂದೆ ಸಾಗುವುದು. ತೊಡಕಿದ್ದದ್ದು ಒತ್ತಡದ ಲೆಕ್ಕದಲ್ಲಿ. ನೀರಿನ ಒತ್ತಡ ಆಳಕ್ಕೆ ಹೋದಷ್ಟೂ ಹೆಚ್ಚು. ಆದ್ದರಿಂದ ಸುರಂಗದ ನೆಲದ ಬಳಿ ಮೇಲಿಗಿಂತ ಜಾಸ್ತಿ. ಗಾಳಿಯ ಒತ್ತಡವೋ ಎಲ್ಲೆಡೆ ಒಂದೇ. ನೆಲದ ನೀರು ತಡೆಯುವಷ್ಟು ಗಾಳಿ ತುಂಬಿದರೆ ಸೂರಿನ ಹೂಳಿಗೆ ಅದು ಅತಿಯಾಗುತ್ತದೆ, ಸಣ್ಣ ಸಂದು ಸಿಕ್ಕರೂ ಗಾಳಿ ಮೇಲಕ್ಕೆ ನುಗ್ಗುತ್ತದೆ.

ಅನಾಹುತ ಆದದ್ದು ಹಾಗೆಯೇ. 1880ರ ಜುಲೈ 21ರ ನಸುಕಿನಲ್ಲಿ ಬಾವಿಗೆ ಸಮೀಪದ ಸೂರಿನಿಂದ ಗಾಳಿ ಸೋರತೊಡಗಿತು. ನೋಡನೋಡುತ್ತ ಸೋರಿಕೆ ದೊಡ್ಡದಾಗಿ ತಗಡುಗಳು ಕುಸಿದವು, ನೀರು ಒಳನುಗ್ಗಿತು. ಹೊರಹೋಗುವ ದಾರಿ ಏರ್‌ಲಾಕ್ ಒಂದೇ. ಅದು ಎರಡು ಬಾಗಿಲಿನ ಕಬ್ಬಿಣದ ಕೋಣೆ. ಒಂದು ಬಾಗಿಲು ಮುಚ್ಚಿದ ಮೇಲೆ, ಒಳಗಿನ ಒತ್ತಡ ಇಳಿದ ಮೇಲಷ್ಟೇ ಇನ್ನೊಂದು ತೆರೆಯುತ್ತದೆ. ಎಂಟು ಜನ ಅದರೊಳಕ್ಕೆ ಹೊಕ್ಕರು. ಅಷ್ಟರಲ್ಲಿ ಸುರಂಗದ ಕಡೆಯ ಬಾಗಿಲು ಸಿಕ್ಕಿಕೊಂಡು, ಮುಚ್ಚಲೂ ಬಾರದೆ ತೆರೆಯಲೂ ಬಾರದೆ ಹೋಯಿತು. ಪಾಳಿಯ ಮೇಲ್ವಿಚಾರಕ ಪೀಟರ್ ವುಡ್‌ಲ್ಯಾಂಡ್ ಸುರಂಗದ ಕಡೆಯೇ ಉಳಿದಿದ್ದ. ಹೊರಬಾಗಿಲಿನ ದಪ್ಪ ಗಾಜಿನ ಕಿಂಡಿ ಒಡೆಯಿರಿ ಎಂದು ಒಳಗಿದ್ದವರಿಗೆ ಕೂಗಿ ಹೇಳಿದ. ಕಿಂಡಿ ಒಡೆದರೆ ಉಳಿದ ಗಾಳಿಯೂ ಹೊರಹೋಗಿ ಸುರಂಗ ಪೂರ್ತಿ ಮುಳುಗುತ್ತದೆಂಬುದು ಅವನಿಗೆ ಗೊತ್ತಿತ್ತು. ಗಾಜು ಒಡೆಯಿತು, ಬಾಗಿಲು ತೆರೆಯಿತು, ಎಂಟು ಜನ ಬದುಕಿದರು. ವುಡ್‌ಲ್ಯಾಂಡನೂ ಸೇರಿ ಇಪ್ಪತ್ತು ಜನ ಒಳಗೇ ಉಳಿದುಹೋದರು. ಈ ಮಾರ್ಗದ ಚರಿತ್ರೆಯಲ್ಲಿ ಬಂಡವಾಳಗಾರರ, ಎಂಜಿನಿಯರುಗಳ ಹೆಸರು ಎಷ್ಟು ಸಲ ಬಂದರೂ, ಮೊದಲು ನೆನೆಯಬೇಕಾದ ಹೆಸರು ಇವನದು.

ಕೆಲಸ ಮತ್ತೆ ಕೆಲಕಾಲ ಸಾಗಿ ದುಡ್ಡಿಲ್ಲದೆ ನಿಂತಿತು. 1880ರ ದಶಕದ ಕೊನೆಯಲ್ಲಿ ಬ್ರಿಟಿಷ್ ಬಂಡವಾಳ ಬಂದು, ಎಸ್. ಪಿಯರ್ಸನ್ ಅಂಡ್ ಸನ್ ಸಂಸ್ಥೆ ಗುತ್ತಿಗೆ ಹಿಡಿಯಿತು. ಅವರು ತಂದದ್ದು ಗ್ರೇಟ್‌ಹೆಡ್ ಷೀಲ್ಡ್: ಸುರಂಗದಷ್ಟೇ ಅಗಲದ ಉಕ್ಕಿನ ಉರುಳೆ. ಅದನ್ನು ಜಾಕ್‌ಗಳಿಂದ ಮುಂದಕ್ಕೆ ನೂಕುವುದು, ಅದರ ಮರೆಯಲ್ಲಿ ಎರಕದ ಕಬ್ಬಿಣದ ತುಂಡುಗಳನ್ನು ಬೋಲ್ಟು ಹಾಕಿ ಬಳೆಯಂತೆ ಕೂಡಿಸುವುದು. ಜೊತೆಗೆ ಆ ಸಂಸ್ಥೆಯ ಎಂಜಿನಿಯರ್ ಅರ್ನೆಸ್ಟ್ ಮೊಯರ್ ಮಾಡಿದ ಉಪಕಾರ ಇನ್ನೂ ದೊಡ್ಡದು. ಒತ್ತಡದ ಗಾಳಿಯಿಂದ ಸರಕ್ಕನೆ ಹೊರಬಂದ ಕೆಲಸಗಾರರ ರಕ್ತದಲ್ಲಿ ಸಾರಜನಕ ಗುಳ್ಳೆಗಟ್ಟಿ, ಕೀಲುಕೀಲಿನ ನೋವಿಗೆ ಮೈ ಬಾಗಿಹೋಗುತ್ತಿತ್ತು. ಕೆಲವರಿಗೆ ಪಾರ್ಶ್ವವಾಯು, ಕೆಲವರಿಗೆ ಸಾವು. ‘ಬೆಂಡ್ಸ್’ ಎಂದು ಅವರು ಕರೆಯುತ್ತಿದ್ದ ರೋಗ ಇದು. ಮೊಯರ್ ಬಂದಾಗ ನಲವತ್ತೈದು, ಐವತ್ತು ಕೆಲಸಗಾರರಲ್ಲಿ ತಿಂಗಳಿಗೊಬ್ಬರಂತೆ ಸಾಯುತ್ತಿದ್ದರು. ಅವನು ಬಾಯ್ಲರಿನಂಥ ಕಬ್ಬಿಣದ ಕೊಠಡಿಯೊಂದನ್ನು ಮೇಲೆ ನೆಲದ ಮೇಲಿಡಿಸಿ, ನೋವು ಬಂದವರನ್ನು ಅದರಲ್ಲಿ ಮಲಗಿಸಿ ಮತ್ತೆ ಒತ್ತಡ ಏರಿಸಿ, ಆಮೇಲೆ ನಿಧಾನವಾಗಿ ಇಳಿಸಿದ. ಸಾವು ಥಟ್ಟನೆ ಕಡಿಮೆಯಾಯಿತು. ಸಮುದ್ರದಾಳದ ಮುಳುಗುಗಾರರಿಗೆ ಇಂದು ಕೊಡುವ ಚಿಕಿತ್ಸೆಯ ಮೂಲ ಇಲ್ಲಿದೆ.

1890ರಲ್ಲಿ ಲಂಡನ್ನಿನ ಬೇರಿಂಗ್ಸ್ ಬ್ಯಾಂಕು ಮುಗ್ಗರಿಸಿ ಹಣದ ಮಾರುಕಟ್ಟೆ ಅಲುಗಾಡಿತು. ಮರುವರ್ಷ ಕೆಲಸ ಮತ್ತೆ ನಿಂತಿತು. ಅಕ್ಕಪಕ್ಕದ ಎರಡು ಕೊಳವೆಗಳ ಪೈಕಿ ಉತ್ತರದ್ದರಲ್ಲಿ ಆಚೆ ದಡಕ್ಕೆ ಉಳಿದಿದ್ದದ್ದು ಸುಮಾರು 1,600 ಅಡಿ. ಸುರಂಗದಲ್ಲಿ ನೀರು ತುಂಬಿಕೊಂಡು ಹತ್ತು ವರ್ಷ ಹಾಗೇ ಬಿದ್ದಿತ್ತು.

ಅದನ್ನು ಎತ್ತಿಕೊಂಡವನು ವಿಲಿಯಂ ಗಿಬ್ಸ್ ಮ್ಯಾಕಡೂ, ಟೆನೆಸಿಯಿಂದ ನ್ಯೂಯಾರ್ಕಿಗೆ ಬಂದ ವಕೀಲ. ನಾಕ್ಸ್‌ವಿಲ್ ಊರಿನ ಟ್ರಾಮುಗಳಿಗೆ ವಿದ್ಯುತ್ ಕೊಡಲು ಹೋಗಿ ಕೈಸುಟ್ಟುಕೊಂಡಿದ್ದವನು. ಹಳೆಯ ಸುರಂಗದಲ್ಲಿ ಹಣ ಹಾಕಿದ್ದ ಇನ್ನೊಬ್ಬ ವಕೀಲ, ಕಾದಂಬರಿಕಾರ ಡಾಸ್ ಪ್ಯಾಸೋಸನ ತಂದೆ, ಇವನಿಗೆ ಅದರ ವಿಷಯ ತಿಳಿಸಿದ. ಎಂಜಿನಿಯರ್ ಚಾರ್ಲ್ಸ್ ಜೇಕಬ್ಸ್ ಜೊತೆ ಮ್ಯಾಕಡೂ ಸುರಂಗಕ್ಕಿಳಿದು ನೋಡಿ, 1902ರಲ್ಲಿ ಹೊಸ ಕಂಪನಿ ಕಟ್ಟಿದ. ವಿದ್ಯುತ್ ರೈಲು ಅಷ್ಟರಲ್ಲಿ ಪಕ್ಕಾ ಆಗಿತ್ತು, ಹೊಗೆಯ ಚಿಂತೆ ಇರಲಿಲ್ಲ. ಹ್ಯಾಸ್ಕಿನ್ ಕಾಲಕ್ಕೆ ಇಲ್ಲದ ಅನುಕೂಲ ಇದು.

ಮ್ಯಾನ್‌ಹಟ್ಟನ್ ದಡ ಸಮೀಪಿಸಿದಾಗ ಹೊಸ ತೊಡಕು ಎದುರಾಯಿತು. ಸುರಂಗದ ಕೆಳಭಾಗದಲ್ಲಿ ಬಂಡೆ, ಮೇಲ್ಭಾಗದಲ್ಲಿ ಅದೇ ರೊಜ್ಜು. ಬಂಡೆಗೆ ಸಿಡಿಮದ್ದು ಇಟ್ಟರೆ ಮೇಲಿನ ರೊಜ್ಜು ಸಡಿಲಗೊಂಡು ಗಾಳಿ ಹಾರಿಹೋಗುತ್ತದೆ. ಜೇಕಬ್ಸ್ ನದಿಯ ತಳಕ್ಕೆ ದೋಣಿಗಳಿಂದ ಜೇಡಿಮಣ್ಣು ಸುರಿಸಿದ. ಸುರಂಗದೊಳಗಿನಿಂದ ಆ ಹಸಿ ಮಣ್ಣಿನ ಮುಖಕ್ಕೆ ಸೀಮೆಎಣ್ಣೆಯ ಬ್ಲೋಲ್ಯಾಂಪುಗಳನ್ನು ಗಂಟೆಗಟ್ಟಲೆ ಹಿಡಿಸಿದ. ನದಿಯ ಅಡಿಯಲ್ಲಿ ಮಣ್ಣು ಇಟ್ಟಿಗೆಯಂತೆ ಬೆಂದು ಗಟ್ಟಿಯಾಯಿತು. ಅದರ ಕೆಳಗೆ ಬಂಡೆ ಸಿಡಿಸಿ ದಾರಿ ಮಾಡಿದರು. ಕುಂಬಾರನ ಆವಿಗೆಯ ವಿದ್ಯೆಯನ್ನು ಹೊಳೆಯ ತಳಕ್ಕೆ ಒಯ್ದ ಈ ಕೆಲಸ, ಇಡೀ ನಿರ್ಮಾಣದಲ್ಲೇ ಅತ್ಯಂತ ಜಾಣ್ಮೆಯದು. 1904ರ ಮಾರ್ಚ್ 11ರಂದು ಎರಡೂ ಕಡೆಯ ಸುರಂಗಗಳು ಕೂಡಿದವು. ಮ್ಯಾಕಡೂ ಷೀಲ್ಡಿನ ಬಾಗಿಲಲ್ಲಿ ತೂರಿ, ನ್ಯೂಜರ್ಸಿಯಿಂದ ನ್ಯೂಯಾರ್ಕಿಗೆ ನದಿಯಡಿಯಲ್ಲಿ ನಡೆದೇ ಹೋದ.

ಮಾರ್ಗದ ರಚನೆಯಲ್ಲಿ ಎರಡು ವಿಷಯ ಗಮನಿಸಬೇಕಾದವು. ಜರ್ಸಿ ಸಿಟಿಯಲ್ಲಿ ಮೂರು ಕಡೆಗೆ ಹಳಿ ಕವಲೊಡೆಯುವ ಜಾಗದಲ್ಲಿ ಬೃಹತ್ ಕಾಂಕ್ರೀಟ್ ಪೆಟ್ಟಿಗೆಗಳನ್ನು ನೆಲಕ್ಕಿಳಿಸಿ, ಹೋಗುವ ರೈಲು ಬರುವ ರೈಲಿನ ದಾರಿಗೆ ಅಡ್ಡಬಾರದಂತೆ ಒಂದರ ಮೇಲೊಂದು ಹಳಿ ಹಾಸಿದರು. ಎರಡನೆಯದು ಗಾಳಿ. ಹೋಗುವುದಕ್ಕೂ ಬರುವುದಕ್ಕೂ ಬೇರೆಬೇರೆ ಕೊಳವೆ ಇದ್ದದ್ದರಿಂದ, ಪ್ರತಿ ರೈಲೂ ಪಿಸ್ಟನ್ನಿನಂತೆ ಹಳೆಯ ಗಾಳಿಯನ್ನು ಮುಂದೆ ನೂಕಿ ಹೊಸ ಗಾಳಿಯನ್ನು ಹಿಂದೆ ಎಳೆದುಕೊಳ್ಳುತ್ತಿತ್ತು. ಬೆಂಕಿಯ ಭಯಕ್ಕೆ ಬೋಗಿಗಳನ್ನು ಪೂರ್ತಿ ಉಕ್ಕಿನಲ್ಲೇ ಮಾಡಿಸಿದರು.

1908ರ ಫೆಬ್ರವರಿ 25ರಂದು ಅಧ್ಯಕ್ಷ ಥಿಯೊಡೋರ್ ರೂಸ್‌ವೆಲ್ಟ್ ಶ್ವೇತಭವನದಲ್ಲಿ ಗುಂಡಿ ಒತ್ತಿ ವಿದ್ಯುತ್ ಹರಿಸಿದರು. ಮೊದಲ ಮಾರ್ಗ ಹೊಬೊಕೆನ್ನಿನಿಂದ ಮ್ಯಾನ್‌ಹಟ್ಟನ್ನಿನ ಹತ್ತೊಂಬತ್ತನೆಯ ಬೀದಿಗೆ. 1909ರ ಜುಲೈ 19ರಂದು ದಕ್ಷಿಣಕ್ಕೆ ಕಟ್ಟಿದ ಇನ್ನೊಂದು ಜೋಡಿ ಕೊಳವೆ ತೆರೆಯಿತು. ಅದರ ತುದಿಯಲ್ಲಿ ಇಪ್ಪತ್ತೆರಡು ಮಹಡಿಯ ಅವಳಿ ಕಟ್ಟಡಗಳ ಹಡ್ಸನ್ ಟರ್ಮಿನಲ್. ಜರ್ಸಿ ಸಿಟಿಯ ಎಕ್ಸ್‌ಚೇಂಜ್ ಪ್ಲೇಸ್ ನಿಲ್ದಾಣದಿಂದ ಅಲ್ಲಿಗೆ ಮೂರೇ ನಿಮಿಷ. 1910ರಲ್ಲಿ ಮೂವತ್ತಮೂರನೆಯ ಬೀದಿ, 1911ರಲ್ಲಿ ನ್ಯೂಅರ್ಕ್. ಮ್ಯಾನ್‌ಹಟ್ಟನ್ನಿನ ಗ್ರ್ಯಾಂಡ್ ಸೆಂಟ್ರಲ್ ನಿಲ್ದಾಣದವರೆಗೆ ಒಯ್ಯುವ ಯೋಜನೆ ಕೈಗೂಡಲಿಲ್ಲ.

‘ಜನಕ್ಕೆ ಸಂತೋಷವಾಗಲಿ’ ಎಂಬುದು ಮ್ಯಾಕಡೂ ಕಂಪನಿಗೆ ಕೊಟ್ಟ ಘೋಷವಾಕ್ಯ. ‘ಜನ ಹಾಳಾಗಲಿ’ ಎಂದು ಹಿಂದೆ ರೈಲು ಧಣಿ ವ್ಯಾಂಡರ್‌ಬಿಲ್ಟ್ ಅಂದಿದ್ದನೆಂದು ಪ್ರಚಾರದಲ್ಲಿದ್ದ ಮಾತಿಗೆ ಇದು ನೇರ ಉತ್ತರ. ಬರೀ ಮಾತಲ್ಲ, ಟಿಕೆಟ್ ಕೊಡುವ ಕೆಲಸಕ್ಕೆ ಹೆಂಗಸರನ್ನು ಸೇರಿಸಿಕೊಂಡು ಗಂಡಸರಷ್ಟೇ ಸಂಬಳ ಕೊಟ್ಟ. 1909ರಲ್ಲಿ ಕೆಲವು ತಿಂಗಳು ಹೆಂಗಸರಿಗೇ ಒಂದು ಬೋಗಿ ಮೀಸಲಿಟ್ಟದ್ದೂ ಉಂಟು. ಮುಂದೆ ಅವನು ಅಧ್ಯಕ್ಷ ವಿಲ್ಸನ್ ಸಂಪುಟದಲ್ಲಿ ಹಣಕಾಸು ಮಂತ್ರಿಯಾದ.

1927ರಲ್ಲಿ ಈ ರೈಲು 11.3 ಕೋಟಿ ಪ್ರಯಾಣಿಕರನ್ನು ಒಯ್ದಿತು. ಅದೇ ವರ್ಷ ನವೆಂಬರಿನಲ್ಲಿ ನದಿಯಡಿಯಲ್ಲೇ ಮೋಟಾರು ವಾಹನಗಳ ಹಾಲೆಂಡ್ ಸುರಂಗ ತೆರೆಯಿತು. 1931ರಲ್ಲಿ ಅದೇ ನದಿಗೆ ಜಾರ್ಜ್ ವಾಷಿಂಗ್ಟನ್ ಸೇತುವೆ ಬಂತು. ಕಾರು, ಬಸ್ಸುಗಳಿಗೆ ಜನ ಹೊರಳಿದರು. 1954ರಲ್ಲಿ ಕಂಪನಿ ದಿವಾಳಿಯೆದ್ದಿತು, 1958ರ ಹೊತ್ತಿಗೆ ಪ್ರಯಾಣಿಕರು ಸುಮಾರು 3 ಕೋಟಿಗೆ ಇಳಿದಿದ್ದರು.

ರೈಲನ್ನು ಉಳಿಸಿದ್ದು ಒಂದು ಕೊಡುಕೊಳ್ಳುವಿಕೆ. ನ್ಯೂಯಾರ್ಕ್ ಬಂದರು ಪ್ರಾಧಿಕಾರಕ್ಕೆ ವಿಶ್ವ ವ್ಯಾಪಾರ ಕೇಂದ್ರ ಕಟ್ಟುವ ಆಸೆ. ಪ್ರಾಧಿಕಾರ ಎರಡೂ ರಾಜ್ಯಗಳಿಗೆ ಸೇರಿದ್ದು, ಆದ್ದರಿಂದ ಅದಕ್ಕೆ ನ್ಯೂಜರ್ಸಿಯ ಒಪ್ಪಿಗೆಯೂ ಬೇಕು. ರೈಲನ್ನು ವಹಿಸಿಕೊಂಡು, ಕಟ್ಟಡವನ್ನು ಹಡ್ಸನ್ ಟರ್ಮಿನಲ್ ಇದ್ದ ಜಾಗದಲ್ಲೇ ಕಟ್ಟುವುದೆಂದು ತೀರ್ಮಾನವಾಯಿತು. 1962ರ ಸೆಪ್ಟೆಂಬರ್ 1ರಂದು ಮಾರ್ಗ ಕೈಬದಲಾಯಿತು. ಅಡಿಪಾಯಕ್ಕೆ ಆಳದ ಗುಂಡಿ ತೋಡಿದಾಗ ಮ್ಯಾಕಡೂ ಕಾಲದ ಕಬ್ಬಿಣದ ಕೊಳವೆಗಳು ಹೊರಬಿದ್ದವು. ಅವುಗಳಿಗೆ ಆಸರೆ ಕೊಟ್ಟು ಗುಂಡಿಯ ನಡುವೆ ಬಯಲಲ್ಲಿ ನಿಲ್ಲಿಸಿದರು. ಸುತ್ತ ಅಗೆತ ನಡೆಯುತ್ತಿದ್ದಾಗಲೂ ಒಳಗೆ ರೈಲು ಓಡುತ್ತಲೇ ಇತ್ತು. 1971ರಲ್ಲಿ ಹೊಸ ನಿಲ್ದಾಣ ಬಂದು ಆ ಭಾಗ ಬಳಕೆ ತಪ್ಪಿತು.

2001ರ ಸೆಪ್ಟೆಂಬರ್ 11ರ ಬೆಳಿಗ್ಗೆ ವಿಶ್ವ ವ್ಯಾಪಾರ ಕೇಂದ್ರದ ಅವಳಿ ಗೋಪುರಗಳ ಮೇಲೆ ಭಯೋತ್ಪಾದಕರ ದಾಳಿ ಆದಾಗ ಸಿಬ್ಬಂದಿ ಅಲ್ಲಿನ ನಿಲ್ದಾಣವನ್ನು ಖಾಲಿ ಮಾಡಿಸಿ, ಜನರನ್ನು ರೈಲಿನಲ್ಲಿ ನ್ಯೂಜರ್ಸಿಗೆ ವಾಪಸು ಕಳಿಸಿದರು. ಗೋಪುರಗಳು ಕುಸಿದ ಮೇಲೆ ಸುರಂಗಕ್ಕೆ ನುಗ್ಗಿದ ನೀರು ನದಿಯಾಚೆಯ ಎಕ್ಸ್‌ಚೇಂಜ್ ಪ್ಲೇಸ್ ತನಕ ಹರಿಯಿತು. 2003ರ ನವೆಂಬರಿನಲ್ಲಿ ತಾತ್ಕಾಲಿಕ ನಿಲ್ದಾಣ, 2016ರಲ್ಲಿ ವಾಸ್ತುಶಿಲ್ಪಿ ಕಲತ್ರಾವ ವಿನ್ಯಾಸದ ಬಿಳಿ ರೆಕ್ಕೆಗಳ ನಿಲ್ದಾಣ ತೆರೆದವು. ನಡುವೆ 2012ರ ಸ್ಯಾಂಡಿ ಚಂಡಮಾರುತದ ಉಪ್ಪುನೀರನ್ನೂ ಮಾರ್ಗ ತಾಳಿಕೊಂಡಿತು.

ಪಾತ್ ಇಂದು ಹಗಲೂ ರಾತ್ರಿ ಓಡುತ್ತದೆ. ಜರ್ಸಿ ಸಿಟಿಯ ಜರ್ನಲ್ ಸ್ಕ್ವೇರ್ ನಿಲ್ದಾಣದ ಬಳಿಯ ನ್ಯೂಅರ್ಕ್ ಅವೆನ್ಯೂ ಭಾರತೀಯ ಅಂಗಡಿ, ಹೋಟೆಲುಗಳ ಸಾಲು. ಆ ಸುತ್ತಲಲ್ಲಿ ನೆಲೆಸಿ ಮ್ಯಾನ್‌ಹಟ್ಟನ್ನಿನ ಕಚೇರಿಗಳಿಗೆ ಹೋಗಿಬರುವ ಭಾರತೀಯರಲ್ಲಿ ಕನ್ನಡಿಗರೂ ಇದ್ದಾರೆ. ಹೊಬೊಕೆನ್ ಕಡೆಯಿಂದ ಮೂವತ್ತಮೂರನೆಯ ಬೀದಿಗೆ ಹೋಗುವ ರೈಲುಗಳು ಈಗಲೂ ಹ್ಯಾಸ್ಕಿನ್ ಮೊದಲು ತೋಡಿಸಿದ, ವುಡ್‌ಲ್ಯಾಂಡ್ ಮತ್ತು ಅವನ ಜೊತೆಗಾರರು ಕೆಲಸ ಮಾಡುತ್ತಿದ್ದ ಸುರಂಗದ ದಾರಿಯಲ್ಲೇ ನದಿ ದಾಟುತ್ತವೆ.