ಗಾಜಿನ ಹಿಂಬದಿಯ ಚಿತ್ರಗಳು

ಪರದೆ ಎರಡು. ಒಂದರಲ್ಲಿ ಪುಟ್ಟ ಮಾದರಿ ಮನೆಗಳು ಬಣ್ಣದ ಬೆಳಕಿನಲ್ಲಿ ರೂಪ ಬದಲಿಸುತ್ತವೆ. ಇನ್ನೊಂದರಲ್ಲಿ, ಕಪ್ಪು-ಬಿಳುಪಿನಲ್ಲಿ, ತರುಣಿಯೊಬ್ಬಳು ಮುಂಬೈ ನಗರವನ್ನು ದಿಟ್ಟಿಸುತ್ತ ನಿಂತಿದ್ದಾಳೆ. ಕಲಾವಿದೆ ನಳಿನಿ ಮಲಾನಿ ಅವರ ‘ಯುಟೋಪಿಯಾ’ ಇಷ್ಟೇ. ಆದರೆ ಎರಡು ಪರದೆಗಳ ನಡುವೆ ಏಳು ವರ್ಷಗಳ ಅಂತರವಿದೆ. ಬಣ್ಣದ ಭಾಗ 1969ರದು. ಎಲ್ಲರಿಗೂ ಸೂರು ಎಂಬ ಕನಸು ಇನ್ನೂ ಬತ್ತಿರದ ಕಾಲ. ಕಪ್ಪು-ಬಿಳುಪಿನದು 1976ರದು, ತುರ್ತುಪರಿಸ್ಥಿತಿಯ ವರ್ಷ.

ನಳಿನಿ ಹುಟ್ಟಿದ್ದು 1946ರಲ್ಲಿ, ಕರಾಚಿಯಲ್ಲಿ. ದೇಶ ಒಡೆದಾಗ ಕುಟುಂಬ ಕಲ್ಕತ್ತೆಗೆ ಬಂತು, ಅಲ್ಲಿಂದ ಮುಂದೆ ಮುಂಬೈಗೆ. ಜೆ.ಜೆ. ಕಲಾಶಾಲೆಯಲ್ಲಿ ಕಲಿತದ್ದು ಚಿತ್ರಕಲೆ. ಕ್ಯಾಮೆರಾ ಕೈಗೆ ಬಂದದ್ದು ಹಿರಿಯ ಕಲಾವಿದ ಅಕ್ಬರ್ ಪದಮ್ಸೀ 1969ರಲ್ಲಿ ನಡೆಸಿದ ಕಾರ್ಯಾಗಾರದಲ್ಲಿ. ಆಗ ಅವರಿಗೆ 23 ವರ್ಷ. ಸಿನಿಮಾ ಮಾಡಿದರೂ ಕುಂಚ ಬಿಡಲಿಲ್ಲ.

1979ರಲ್ಲಿ ನ್ಯೂಯಾರ್ಕಿನಲ್ಲಿ ಮಹಿಳೆಯರೇ ನಡೆಸುವ ಕಲಾ ಗ್ಯಾಲರಿಯೊಂದನ್ನು ಕಂಡ ಅವರಿಗೆ, ನಮ್ಮಲ್ಲಿಯೂ ಅಂಥದೊಂದು ಪ್ರಯತ್ನ ಏಕಾಗಬಾರದು ಎನಿಸಿತು. ಅರ್ಪಿತಾ ಸಿಂಗ್, ನೀಲಿಮಾ ಶೇಖ್, ಮಾಧ್ವಿ ಪಾರೇಖ್ ಜೊತೆ ಆ ಸಂಚಾರಿ ಪ್ರದರ್ಶನ ಹೊರಟದ್ದು 1987ರಲ್ಲಿ. ನಾಲ್ವರು ಹೆಂಗಸರ ಚಿತ್ರಗಳು ಗೋಡೆಗೇರಲು ಎಂಟು ವರ್ಷ!

ಅವರ ಕೈಗೆ ಒಗ್ಗಿದ ಇನ್ನೊಂದು ವಿದ್ಯೆ ಗಾಜಿನ ಹಿಂಬದಿಯ ಚಿತ್ರಣ. ಭೂಪೇನ್ ಖಖ್ಖರ್ ಅವರಿಂದ ಕಲಿತದ್ದು. ಮೈಸೂರು, ತಂಜಾವೂರು ಕಡೆಯ ಹಳೆಯ ಮನೆಗಳಲ್ಲಿ ಇಂಥ ದೇವರ ಪಟಗಳನ್ನು ನೋಡಿದವರಿಗೆ ಇದು ಹೊಸತಲ್ಲ. ಇಲ್ಲಿ ಎಲ್ಲವೂ ತಿರುವುಮುರುವು: ಕಣ್ಣು, ಮೂಗುತಿ, ಒಡವೆಯ ಗೆರೆಗಳು ಮೊದಲು, ಹಿನ್ನೆಲೆಯ ಬಣ್ಣ ಕೊನೆಗೆ. ತಪ್ಪಿದರೆ ಮೇಲೆ ಬಳಿದು ಮುಚ್ಚುವಂತಿಲ್ಲ.

ವಿಭಜನೆಯ ಗಾಯವನ್ನು ಅವರು ನೇರವಾಗಿ ಮುಟ್ಟಿದ್ದು ‘ಮದರ್ ಇಂಡಿಯಾ’ ಕೃತಿಯಲ್ಲಿ. ಐದು ಪರದೆಗಳ ಈ ವಿಡಿಯೊ 2005ರಲ್ಲಿ ವೆನಿಸ್‌ನಲ್ಲಿ ಪ್ರದರ್ಶಿತವಾಯಿತು. ಸಮಾಜಶಾಸ್ತ್ರಜ್ಞೆ ವೀಣಾ ದಾಸ್ ಅವರ ಪ್ರಬಂಧವೊಂದು ಇದಕ್ಕೆ ಪ್ರೇರಣೆ. ವಿಭಜನೆಯಲ್ಲಿ ಅಪಹರಣಕ್ಕೊಳಗಾದ ಹೆಂಗಸರು ಸುಮಾರು 75 ಸಾವಿರದಿಂದ ಒಂದು ಲಕ್ಷ ಎಂಬ ಅಂದಾಜಿದೆ. ಅವರನ್ನು ಮರಳಿ ತರಲು 1949ರಲ್ಲಿ ಭಾರತ ಕಾಯಿದೆಯನ್ನೇ ಮಾಡಿತು. ಆದರೆ ಆ ಕಾಯಿದೆಯಲ್ಲಿ ಹೆಣ್ಣಿನ ಒಪ್ಪಿಗೆಗೆ ಜಾಗವಿರಲಿಲ್ಲ. ಅಷ್ಟರಲ್ಲಿ ಮಗು ಹೆತ್ತು, ಇದ್ದಲ್ಲೇ ಇರುತ್ತೇನೆಂದವಳನ್ನೂ ಗಡಿ ದಾಟಿಸಲಾಯಿತು. ಅವಳು ಯಾವ ದೇಶದವಳೆಂದು ನಿರ್ಧರಿಸಿದ್ದು ಅವಳ ಧರ್ಮ, ಅವಳ ಮಾತಲ್ಲ. ದೇಶವನ್ನು ತಾಯಿ ಎಂದು ಕರೆದ ನಾಡಿನಲ್ಲೇ ಇದು ನಡೆಯಿತು.

2012ರಲ್ಲಿ ಜರ್ಮನಿಯ ಕಾಸೆಲ್‌ನಲ್ಲಿ ಅವರು ಐದು ಪಾರದರ್ಶಕ ಉರುಳೆಗಳನ್ನು ತೂಗುಬಿಟ್ಟರು. ಒಳಗೆ ಹಿಂಬದಿಯಿಂದ ಬಿಡಿಸಿದ ಚಿತ್ರಗಳು. ಉರುಳೆ ತಿರುಗಿದಂತೆ, ಅವುಗಳ ಮೂಲಕ ಹಾಯುವ ವಿಡಿಯೊ ಬೆಳಕು ಗೋಡೆಯ ತುಂಬ ನೆರಳುಗಳನ್ನು ಓಡಿಸುತ್ತಿತ್ತು. ನಮ್ಮ ತೊಗಲುಗೊಂಬೆಯಾಟ ನೋಡಿದವರಿಗೆ ಈ ಬೆಡಗು ಬಿಡಿಸಿ ಹೇಳಬೇಕಿಲ್ಲ. ಆ ಆಟದ ನಾಯಕಿ ಗ್ರೀಕ್ ಪುರಾಣದ ಕಸಾಂಡ್ರಾ. ನಡೆಯಲಿರುವುದನ್ನು ಮೊದಲೇ ಕಂಡು ಹೇಳುತ್ತಿದ್ದಳು. ಯಾರೂ ಅವಳನ್ನು ನಂಬುತ್ತಿರಲಿಲ್ಲ.